ರಿವರ್ಸ್ ಗೇರಿನ ಘಾಟಿ

ಲಾಸ್ ಏಂಜಲೀಸಿನಿಂದ ಗ್ರ್ಯಾಂಡ್ ಕ್ಯಾನ್ಯನ್‌ಗೆ ಹೋಗಿಬರುವ ಕನ್ನಡಿಗರಲ್ಲಿ ಹೆಚ್ಚಿನವರು ಇಂಟರ್‌ಸ್ಟೇಟ್ 40 ಎಂಬ ಹೆದ್ದಾರಿ ಹಿಡಿದು, ಎರಡೂ ಕಡೆ ಬೋಳು ಮರುಭೂಮಿ ನೋಡುತ್ತ, ನಿದ್ದೆ ತಡೆಯುತ್ತ ಮನೆ ಸೇರುತ್ತಾರೆ. ವಾಪಸ್ ಬರುವಾಗ ಒಂದು ದಿನ ಮಿಗಿಸಿಕೊಂಡರೆ ಎಕ್ಸಿಟ್ 139ರಲ್ಲಿ ಕ್ರೂಕ್ಟನ್ ರೋಡಿಗೆ ಇಳಿಯಬಹುದು. ಅಲ್ಲಿಂದ ಕೊಲೊರಾಡೊ ನದಿಯ ದಂಡೆಯ ಟೋಪಾಕ್‌ವರೆಗೆ ಹಳೇ ರೂಟ್ 66 ಬಹುಮಟ್ಟಿಗೆ ತುಂಡಾಗದೆ ಉಳಿದಿದೆ. ಬೆಳಗ್ಗೆ ಎಂಟಕ್ಕೆ ಹೊರಟು ಕತ್ತಲಾಗುವ ಮುಂಚೆ ಮುಗಿಸಿದ ಒಂದು ಏಪ್ರಿಲ್ ದಿನದ ದಾರಿ ಇದು.

ಈ ರಸ್ತೆಯನ್ನು ಯಾರೂ ಒಂದೇ ಸಲ ಕೂತು ಹೊಸದಾಗಿ ಕಟ್ಟಿದ್ದಲ್ಲ. 1926ರ ನವೆಂಬರ್ 11ರಂದು ಷಿಕಾಗೊದಿಂದ ಲಾಸ್ ಏಂಜಲೀಸಿನವರೆಗಿನ ಹಳೇ ಹಾದಿಗಳನ್ನು ಪೋಣಿಸಿ 66 ಎಂಬ ನಂಬರು ಕೊಟ್ಟರು, ಅಷ್ಟೆ. ಪೂರ್ತಿ ಡಾಂಬರು, ಕಾಂಕ್ರೀಟು ಕಾಣಲು 1938 ಆಯಿತು. ಅರಿಜೋನಾದ ಈ ಭಾಗದಲ್ಲಿ 1857ರಲ್ಲಿ ಬೀಲ್ ಎಂಬುವನು ಒಂಟೆ ಹೊಡೆದುಕೊಂಡು ಗಾಡಿದಾರಿ ಗುರುತಿಸಿದ್ದ. ಆಮೇಲೆ ರೈಲು ಬಂತು, ರೈಲಿನ ಪಕ್ಕಕ್ಕೇ ಕಾರುದಾರಿ ಬಂತು. ಉಗಿ ಎಂಜಿನ್ನಿಗೆ ನೀರು ಬೇಕಾದಲ್ಲೆಲ್ಲ ಒಂದೊಂದು ಸ್ಟೇಷನ್ನು, ಅದರ ಸುತ್ತ ಒಂದೊಂದು ಊರು. ಊರುಗಳ ನಡುವಿನ ಅಂತರ ಮನುಷ್ಯರು ಲೆಕ್ಕ ಹಾಕಿದ್ದಲ್ಲ, ಎಂಜಿನ್ನಿನ ಬಾಯಾರಿಕೆ ಹಾಕಿದ್ದು.

ಸೆಲಿಗ್ಮನ್ ಅಂಥ ಊರು. 1978ರ ಸೆಪ್ಟೆಂಬರ್ 22ರಂದು ಇಂಟರ್‌ಸ್ಟೇಟ್ ಊರಾಚೆ ತೆರೆದದ್ದೇ ತಡ, ಪೇಟೆಗೆ ಕಾರು ಬರುವುದೇ ನಿಂತುಹೋಯಿತು. ಏಂಜಲ್ ಡೆಲ್ಗಡಿಯೊ ಎಂಬ ಕ್ಷೌರಿಕರು 1987ರಲ್ಲಿ ಊರವರನ್ನು ಸೇರಿಸಿ ಸಂಘ ಕಟ್ಟಿ, ರಾಜ್ಯ ಸರ್ಕಾರ ಇದನ್ನು ಐತಿಹಾಸಿಕ ರಸ್ತೆ ಎಂದು ಘೋಷಿಸುವಂತೆ ಮಾಡಿದರು. ಅವರ ಅಣ್ಣ ಹ್ವಾನ್ 1953ರಲ್ಲಿ ಕಟ್ಟಿದ ಸ್ನೋ ಕ್ಯಾಪ್ ಎಂಬ ತಿಂಡಿ ಅಂಗಡಿಯ ಬಾಗಿಲಿಗೆ ಎರಡು ಕಡೆಯೂ ಹಿಡಿ ಇದೆ. ಹೊಸಬರ ಕೈ ಸುಳ್ಳು ಹಿಡಿಗೇ ಹೋಗುತ್ತದೆ. ಐಸ್‌ಕ್ರೀಮ್ ಸಾಧಾರಣ, ಬಾಗಿಲೇ ರುಚಿ.

ಮುಂದೆ ರಸ್ತೆಬದಿಯಲ್ಲಿ ಬರ್ಮಾ ಶೇವ್ ಹಲಗೆಗಳು ಸಿಗುತ್ತವೆ. ಇವು ಹೊಸದಾಗಿ ನೆಟ್ಟವು, ಪದ್ಧತಿ ಮಾತ್ರ 1925ರದು. ಸಾಲಾಗಿ ಆರು ಸಣ್ಣ ಹಲಗೆ, ಒಂದೊಂದರಲ್ಲಿ ಪದ್ಯದ ಒಂದು ತುಣುಕು, ಕೊನೆಯದರಲ್ಲಿ ಕ್ಷೌರದ ಕ್ರೀಮಿನ ಹೆಸರು. ಗಂಟೆಗೆ 35 ಮೈಲಿಯಲ್ಲಿ ಹೋಗುವ ಕಾರಿನಲ್ಲಿ ಕೂತವರು ಒಂದು ಸಾಲು ಓದಿ, ಮುಂದಿನದಕ್ಕೆ ಕಾದು, ನಗುವಷ್ಟು ಅಂತರ. 65ರಲ್ಲಿ ಹೋದರೆ ಪದ್ಯವೂ ಇಲ್ಲ, ನಗುವೂ ಇಲ್ಲ. 1963ರಲ್ಲಿ ಕಂಪನಿಯೇ ಹಲಗೆ ಕಿತ್ತುಕೊಂಡಿತು.

ರಸ್ತೆಬದಿಯ ವಿಚಿತ್ರಗಳನ್ನೆಲ್ಲ ಹೀಗೆ ಕಾರಿನ ಕಡೆಯಿಂದಲೇ ನೋಡಬೇಕು. ಮೊದಮೊದಲ ಕಾರುಗಳಿಗೆ ಗಾಳ ಹಾಕಬೇಕಿರಲಿಲ್ಲ. ಅವು ತಾವಾಗಿಯೇ ಬಿಸಿಯೇರಿ ನಿಲ್ಲುತ್ತಿದ್ದವು. ನಿಂತಲ್ಲಿ ನೀರು, ಪೆಟ್ರೋಲು, ಕಾಫಿ ಮಾರಿದರಾಯಿತು. ಯುದ್ಧದ ನಂತರದ ಕಾರುಗಳು ನಿಲ್ಲದೆ ಓಡತೊಡಗಿದವು ನೋಡಿ, ಆಗ ಶುರುವಾಯಿತು ಆಟ. ಪೀಚ್ ಸ್ಪ್ರಿಂಗ್ಸ್‌ಗೆ ಮುಂಚೆ ಸಿಗುವ ಗುಹೆಯ ಮುಂದೆ ಡೈನೊಸಾರ್ ನಿಂತಿರುವುದು, ಇದೇ ರಸ್ತೆಯಲ್ಲಿ ಪೂರ್ವಕ್ಕಿರುವ ಹೋಲ್‌ಬ್ರೂಕ್‌ನಲ್ಲಿ 1950ರಲ್ಲಿ ಕಾಂಕ್ರೀಟಿನ 15 ಡೇರೆಗಳ ಮೋಟೆಲ್ ಎದ್ದದ್ದು ಇದಕ್ಕೇ. ಆ ನೆಲದ ಮೂಲನಿವಾಸಿಗಳು ಅಂಥ ಡೇರೆಯಲ್ಲಿ ಎಂದೂ ವಾಸ ಮಾಡಿದವರಲ್ಲ. ಮಾಲೀಕರಿಗೆ ಆ ಸತ್ಯ ಬೇಕಿರಲಿಲ್ಲ, ಹಿಂದಿನ ಸೀಟಿನ ಮಕ್ಕಳು ಕೂಗಿದರೆ ಸಾಕಿತ್ತು.

ಹ್ಯಾಕ್‌ಬೆರ್ರಿಯ ಅಂಗಡಿ ದಾಟಿ ಕಿಂಗ್‌ಮನ್ ಸೇರುವಾಗ ಊಟದ ಹೊತ್ತು. ಇಲ್ಲಿ ಟ್ಯಾಂಕು ತುಂಬಿಸಿ, ಟೈರಿನ ಗಾಳಿ ನೋಡಿ, ತಲೆಗೆ ನಾಲ್ಕು ಲೀಟರಿನಂತೆ ನೀರು ಹಾಕಿಕೊಳ್ಳಿ. ಇಂಟರ್‌ಸ್ಟೇಟಿನ ಎಕ್ಸಿಟ್ 44ರಲ್ಲಿ ಇಳಿದು ಓಟ್‌ಮನ್ ರೋಡ್ ಹಿಡಿದ ಮೇಲೆ ಫೋನಿನ ಸಿಗ್ನಲ್ ನಂಬಬೇಡಿ. 40 ಅಡಿಗಿಂತ ಉದ್ದದ ಗಾಡಿಗೆ ಮುಂದಿನ ಘಾಟಿ ನಿಷಿದ್ಧ. ಫಲಕ ನೋಡಿಯೂ ನುಗ್ಗಿದವರಿಗೆ ಹೇರ್‌ಪಿನ್ ತಿರುವಿನಲ್ಲಿ ಹಿಂದೆಯೂ ಇಲ್ಲ, ಮುಂದೆಯೂ ಇಲ್ಲ.

ಬಯಲು ಮುಗಿದು ಬ್ಲ್ಯಾಕ್ ಮೌಂಟನ್ಸ್ ಎದುರಾಗುವ ಜಾಗದಲ್ಲಿ ಕೂಲ್ ಸ್ಪ್ರಿಂಗ್ಸ್. ಕಲ್ಲಿನ ಕಂಬಗಳ ಪುಟ್ಟ ಪೆಟ್ರೋಲ್ ಬಂಕು. 1966ರಲ್ಲಿ ಸುಟ್ಟುಹೋಗಿದ್ದನ್ನು ಈ ಶತಮಾನದಲ್ಲಿ ಮತ್ತೆ ಕಟ್ಟಿದ್ದಾರೆ. ಬಂಕು ಇಲ್ಲೇ ಏಕೆ ಎಂದು ತಿಳಿಯಲು ಫೋರ್ಡ್ ಮಾಡೆಲ್ ಟಿ ಕಾರಿನ ಹೊಟ್ಟೆ ನೋಡಬೇಕು.

ಅದರ ಪೆಟ್ರೋಲ್ ಟ್ಯಾಂಕು ಮುಂದಿನ ಸೀಟಿನ ಕೆಳಗೆ. 1926ರ ಮಾದರಿ ಬರುವವರೆಗೂ ಹಾಗೇ ಇತ್ತು. ಪೆಟ್ರೋಲ್ ಪಂಪ್ ಎಂಬುದಿಲ್ಲ. ಟ್ಯಾಂಕು ಎತ್ತರದಲ್ಲಿ, ಎಂಜಿನ್ನಿಗೆ ಪೆಟ್ರೋಲು, ಗಾಳಿ ಬೆರೆಸಿ ಕೊಡುವ ಕಾರ್ಬುರೇಟರ್ ತಗ್ಗಿನಲ್ಲಿ, ಪೆಟ್ರೋಲು ಹರಿದುಕೊಂಡು ಹೋಗಬೇಕು. ಮೂತಿ ಮೇಲೆತ್ತಿ ಏರು ಹತ್ತುವಾಗ ಈ ಲೆಕ್ಕ ತಲೆಕೆಳಗು. ಟ್ಯಾಂಕು ಅರ್ಧಕ್ಕಿಂತ ಕಡಿಮೆ ಇದ್ದರಂತೂ ಎಂಜಿನ್ ಕೆಮ್ಮಿ ನಿಲ್ಲುತ್ತದೆ. ಉಪಾಯ ಒಂದೇ: ಕಾರು ತಿರುಗಿಸಿ ಹಿಂದುಹಿಂದಕ್ಕೆ ಹತ್ತುವುದು. ಇದರಲ್ಲಿ ಇನ್ನೊಂದು ಲಾಭವೂ ಇತ್ತು. ಲೋ ಗೇರಿನ ಅನುಪಾತ 2.75ಕ್ಕೆ 1, ರಿವರ್ಸಿನದು 4ಕ್ಕೆ 1. ಕಾರಿನ ಅತ್ಯಂತ ಬಲವಾದ ಗೇರು ರಿವರ್ಸೇ.

ನೀರಿನ ಪಂಪೂ ಇಲ್ಲ. ಕಾದ ನೀರು ತಾನಾಗಿ ಮೇಲೇರಿ, ರೇಡಿಯೇಟರಿನಲ್ಲಿ ತಣಿದು ಕೆಳಗಿಳಿಯಬೇಕು. ನಿಧಾನದ ಏರಿನಲ್ಲಿ ಗಾಳಿ ಸಾಲದೆ ನೀರು ಆವಿಯಾಗಿ, ಮೇಲಿನ ಪೈಪಿನ ಬಾಯಿಗಿಂತ ಮಟ್ಟ ಇಳಿಯಿತೋ, ಸುತ್ತಾಟವೇ ನಿಂತು ಉಳಿದದ್ದೂ ಕುದಿಯುತ್ತದೆ. ಅದಕ್ಕೇ ಕಾರಿನ ಮುಂದೆ ಕ್ಯಾನ್ವಾಸಿನ ನೀರಿನ ಚೀಲ ನೇತಾಡುತ್ತಿತ್ತು. ನಮ್ಮ ಮಣ್ಣಿನ ಹೂಜಿಯ ಥರವೇ ಒಸರಿ ಒಸರಿ ತಣ್ಣಗಿರುವ ಚೀಲ. ಒಣಗಿದ ಚೀಲವನ್ನು ಮೊದಲು ನೆನೆಸದೆ ತುಂಬಿದರೆ ನೀರೆಲ್ಲ ಸೋರಿಹೋಗುತ್ತದೆ. ಇಷ್ಟಾದರೂ ಧೈರ್ಯ ಬಾರದವರು ಸ್ಥಳೀಯರಿಗೆ ದುಡ್ಡು ಕೊಟ್ಟು ಕಾರು ಎಳೆಸಿಕೊಂಡು ಘಾಟಿ ದಾಟುತ್ತಿದ್ದರು.

ಸುಮಾರು 3,550 ಅಡಿಯ ಸಿಟ್‌ಗ್ರೀವ್ಸ್ ಪಾಸ್‌ನಲ್ಲಿ ನಿಂತರೆ ನೆವಾಡ, ಕ್ಯಾಲಿಫೋರ್ನಿಯಾದ ಗುಡ್ಡಗಳು ಒಟ್ಟಿಗೆ ಕಾಣುತ್ತವೆ. ತಿರುವುಗಳಿಗೆ ತಡೆಬೇಲಿ ಇಲ್ಲದ ಕಡೆಯೇ ಹೆಚ್ಚು. ಇಳಿಯುವಾಗ ಬ್ರೇಕಿನ ಮೇಲೇ ಕಾಲಿಟ್ಟುಕೊಂಡರೆ ಸುಟ್ಟ ವಾಸನೆ ಖಂಡಿತ. ಆಟೊಮ್ಯಾಟಿಕ್ ಆದರೆ ಎಲ್ ಅಥವಾ 2ಕ್ಕೆ ಹಾಕಿ. ಮಾಡೆಲ್ ಟಿಯಲ್ಲಿ ಗೇರು ಹಾಕುವುದೂ ಪೆಡಲಿನಿಂದಲೇ, ಬ್ರೇಕಿನ ಪಟ್ಟಿಗೆ ಹತ್ತಿಯ ಹೊದಿಕೆ. ಅದು ಕರಕಲಾಗದಿರಲೆಂದು ಒಮ್ಮೆ ಲೋ, ಒಮ್ಮೆ ರಿವರ್ಸ್ ಪೆಡಲನ್ನು ಸರದಿಯಂತೆ ಒತ್ತಿ ಇಳಿಸುತ್ತಿದ್ದರು.

ರೈಲು ಯಕ್ಕಾ ಎಂಬ ಊರಿನ ಕಡೆಯಿಂದ ಸಲೀಸಾಗಿ ಸುತ್ತಿಹೋಗಿದ್ದರೂ ಕಾರುದಾರಿ ಈ ಬೆಟ್ಟ ಹತ್ತಿದ್ದು ಚಿನ್ನಕ್ಕಾಗಿ. ಓಟ್‌ಮನ್‌ನಲ್ಲಿ ಗಣಿಗಳಿದ್ದವು. ಗಣಿ ಸೊರಗಿತು, 1950ರ ದಶಕದ ಆರಂಭದಲ್ಲಿ ಹೆದ್ದಾರಿಯೂ ರೈಲಿನ ಜಾಡಿಗೇ ಹೋಯಿತು. ಗಣಿಯವರು ಬಿಟ್ಟುಹೋದ ಕತ್ತೆಗಳ ಸಂತತಿ ಈಗ ಊರಿನ ಯಜಮಾನಿಕೆ ನಡೆಸುತ್ತಿದೆ. ಗಾಜು ಇಳಿಸಿದರೆ ಮೂತಿ ಒಳಗೆ ಬರುತ್ತದೆ. ಅಂಗಡಿಯಲ್ಲಿ ಮಾರುವ ಒಣಹುಲ್ಲಿನ ತುಂಡು ಬಿಟ್ಟು ಬೇರೇನೂ ಕೊಡಬೇಡಿ. ಮರಿಗಳಿಗಂತೂ ಅದನ್ನೂ ಕೊಡಬಾರದು, ಗಂಟಲಿಗೆ ಸಿಕ್ಕಿಕೊಳ್ಳುತ್ತದೆ. ಹಾಲಿವುಡ್ ತಾರೆಯರಾದ ಕ್ಲಾರ್ಕ್ ಗೇಬಲ್, ಕ್ಯಾರೊಲ್ ಲೊಂಬಾರ್ಡ್ 1939ರಲ್ಲಿ ಕಿಂಗ್‌ಮನ್‌ನಲ್ಲಿ ಮದುವೆಯಾದದ್ದು ನಿಜ. ಮೊದಲ ರಾತ್ರಿ ಓಟ್‌ಮನ್‌ನ ಹೋಟೆಲಿನಲ್ಲಿ ಕಳೆದರೆಂಬುದು ಹೋಟೆಲಿಗೆ ಅನುಕೂಲವಾದ ಕತೆ.

ಓಟ್‌ಮನ್‌ನಿಂದ ಟೋಪಾಕ್‌ವರೆಗೆ ರಸ್ತೆ ಹಳ್ಳ ಬಂದಲ್ಲೆಲ್ಲ ಸೇತುವೆಯಿಲ್ಲದೆ ಹಳ್ಳದೊಳಕ್ಕೇ ಇಳಿದೇಳುತ್ತದೆ. ಏಪ್ರಿಲ್‌ನಲ್ಲಿ ಹೊಟ್ಟೆಯಲ್ಲಿ ಚಿಟ್ಟೆ ಎದ್ದಂತಾಗುತ್ತದೆ, ಅಷ್ಟೆ. ಜುಲೈಯಿಂದ ಸೆಪ್ಟೆಂಬರ್‌ವರೆಗೆ ಮಾತ್ರ, ದೂರದ ಬೆಟ್ಟದಲ್ಲಿ ಸುರಿದ ಮಳೆ ಇಲ್ಲಿ ಬಿಸಿಲಿರುವಾಗಲೇ ಕೆಂಪಗೆ ನುಗ್ಗಿ ಬರುತ್ತದೆ. ನೀರು ಕಂಡರೆ ಎಂಜಿನ್ ಆರಿಸಿ ಕಾಯಿರಿ. ಎಷ್ಟು ಜೋರಾಗಿ ಬಂತೋ ಅಷ್ಟೇ ಬೇಗ ಇಳಿಯುತ್ತದೆ.

ಟೋಪಾಕ್‌ನಲ್ಲಿ ಕೊಲೊರಾಡೊ ನದಿಗೆ ಅಡ್ಡಲಾಗಿ 1916ರ ಬಿಳಿಯ ಉಕ್ಕಿನ ಕಮಾನು ಸೇತುವೆ ಇನ್ನೂ ನಿಂತಿದೆ. 1947ರವರೆಗೆ ರೂಟ್ 66 ಇದರ ಮೇಲೇ ದಾಟುತ್ತಿತ್ತು. ಈಗ ಅದರ ಮೇಲೆ ಮಲಗಿರುವುದು ಗ್ಯಾಸಿನ ಪೈಪು. ಪಕ್ಕದ ಇಂಟರ್‌ಸ್ಟೇಟ್ ಸೇತುವೆಯಿಂದ ಅದು ಕಾಣುವುದು ಕೆಲವೇ ಸೆಕೆಂಡು, ಅದೂ ಕಾರು ಓಡಿಸದೆ ಕೂತವರಿಗೆ.