ಇಂಗ್ಲೆಂಡಿನ ಒಂದು ಊರಿನ ಚರಿತ್ರೆಯನ್ನು ಕಲಿಸುವ ಬಗೆ

ಸ್ಥಳೀಯ ಚರಿತ್ರೆಯ ಸಂಜೆ ತರಗತಿಗೆ ಬರುವವರಲ್ಲಿ ಹೆಚ್ಚಿನವರು ನಿವೃತ್ತರು. ತಮ್ಮ ಊರಿನ ಕಥೆ ಅರಸನು 1086ರಲ್ಲಿ ಮಾಡಿಸಿದ ಭೂಸಮೀಕ್ಷೆಯಾದ ಡೂಮ್ಸ್‌ಡೇ ದಾಖಲೆಯಿಂದಲೇ ಆರಂಭವಾಗಬೇಕೆಂದು ಅವರು ಮೊದಲೇ ತೀರ್ಮಾನಿಸಿಕೊಂಡಿರುತ್ತಾರೆ. ನಾನು ಅಲ್ಲಿಂದ ಆರಂಭಿಸುವುದಿಲ್ಲ. ಡೂಮ್ಸ್‌ಡೇಯಲ್ಲಿ ಸಾಧಾರಣ ಹಳ್ಳಿಯೊಂದಕ್ಕೆ ದೊರೆಯುವುದು ಕೆಲವೇ ಸಾಲು: ಎಷ್ಟು ನೇಗಿಲು, ಎಷ್ಟು ಒಕ್ಕಲು, ಹಿಟ್ಟಿನ ಗಿರಣಿ ಉಂಟೋ ಇಲ್ಲವೋ, ಭೂಮಿಯ ಬೆಲೆ ಎಷ್ಟು. ಅದಾದ ಮೇಲೆ ಹಲವು ಶತಮಾನಗಳವರೆಗೆ ಹೊಸಬರ ಕೈಗೆಟುಕುವ ಕಾಗದಪತ್ರ ಬಹಳ ಕಡಿಮೆ. ಸಿಕ್ಕಿದ್ದರಲ್ಲೂ ಬಹುಪಾಲು ಲ್ಯಾಟಿನ್‌ನಲ್ಲಿರುತ್ತದೆ. ಆದ್ದರಿಂದ ನನ್ನ ಪಾಠ ಹತ್ತೊಂಬತ್ತನೆಯ ಶತಮಾನದಿಂದ ಹಿಂದಕ್ಕೆ ಸಾಗುತ್ತದೆ. ಮೇಜಿನ ಮೇಲೆ ಯಾವ ದಾಖಲೆ ಬಂದರೂ ಮೊದಲು ಕೇಳುವ ಪ್ರಶ್ನೆ ಒಂದೇ: ಇದನ್ನು ಯಾರು ಬರೆಸಿದರು, ಯಾವ ಕೆಲಸಕ್ಕಾಗಿ ಬರೆಸಿದರು?

ಉದಾಹರಣೆಗೆ ನಾನು ಆರಿಸಿಕೊಳ್ಳುವ ಊರು ಲೆಸ್ಟರ್ ನಗರದ ದಕ್ಷಿಣಕ್ಕಿರುವ ವಿಗ್‌ಸ್ಟನ್. 1948ರಲ್ಲಿ ಲೆಸ್ಟರಿನ ಯೂನಿವರ್ಸಿಟಿ ಕಾಲೇಜಿನಲ್ಲಿ ಇಂಗ್ಲೆಂಡಿನ ಸ್ಥಳೀಯ ಚರಿತ್ರೆಗೆಂದೇ ಒಂದು ವಿಭಾಗ ಆರಂಭವಾದಾಗ ಅದರ ಮೊದಲ ಮುಖ್ಯಸ್ಥರಾದ ಡಬ್ಲ್ಯೂ. ಜಿ. ಹಾಸ್ಕಿನ್ಸ್, 1957ರಲ್ಲಿ ಈ ಊರಿನ ರೈತರ ಮೇಲೆ ಒಂದು ಇಡೀ ಗ್ರಂಥವನ್ನೇ ಪ್ರಕಟಿಸಿದರು. ಅದಕ್ಕೂ ಮೊದಲು ಊರಿನ ಚರಿತ್ರೆಯೆಂದರೆ ಬಹುಮಟ್ಟಿಗೆ ಜಮೀನ್ದಾರರ ವಂಶಾವಳಿ ಮತ್ತು ಚರ್ಚಿನೊಳಗಿನ ಸಮಾಧಿಗಳ ವರ್ಣನೆಯಾಗಿತ್ತು. ಹಾಸ್ಕಿನ್ಸ್ ಆ ಜಾಗಕ್ಕೆ ಉಳುವವನನ್ನು ತಂದರು. ವಿಗ್‌ಸ್ಟನ್ನಿನ ಹೊಲಗಳು ಪಟ್ಟೆಪಟ್ಟೆಯಾಗಿ ಹಂಚಿಹೋಗಿದ್ದವು; ಕೊಯ್ಲಾದ ಮೇಲೆ ಇಡೀ ಬಯಲಿನಲ್ಲಿ ಊರಿನ ದನಕುರಿಗಳು ಮೇಯುತ್ತಿದ್ದವು. 1764ರಲ್ಲಿ ಪಾರ್ಲಿಮೆಂಟಿನ ಕಾಯಿದೆಯಾಗಿ, 1766ರ ತೀರ್ಪಿನಂತೆ ಈ ಹೊಲಗಳನ್ನೆಲ್ಲ ಒಟ್ಟುಮಾಡಿ, ಬೇಲಿ ಹಾಕಿ ಮರುಹಂಚಿಕೆ ಮಾಡಿದರು. ಬೇಲಿಯ ಖರ್ಚು, ವಕೀಲರ ಖರ್ಚು, ಮೋಜಣಿಯ ಖರ್ಚು ಎಲ್ಲವೂ ಭೂಮಿ ಪಡೆದವರ ತಲೆಯ ಮೇಲೆ ಬಂತು. ಎರಡು ಮೂರು ತಲೆಮಾರು ಕಳೆಯುವಷ್ಟರಲ್ಲಿ ಸಣ್ಣ ಹಿಡುವಳಿದಾರರು ಹೆಚ್ಚುಕಡಿಮೆ ಇಲ್ಲವಾದರು. ಹಾಸ್ಕಿನ್ಸರ ಈ ನಿರೂಪಣೆಯನ್ನು ನಾನು ಬಹುಪಾಲು ಒಪ್ಪುತ್ತೇನೆ. ಆದರೆ ಹಳೆಯ ರೈತ ಸಮುದಾಯದ ಮೇಲೆ ಅವರಿಗೆ ಸ್ವಲ್ಪ ಹೆಚ್ಚೇ ಮಮತೆಯಿತ್ತು ಎನಿಸುತ್ತದೆ: ಬೇಲಿ ಬರುವ ಮೊದಲೇ ಊರಿನಲ್ಲಿ ಕಾಲುಚೀಲ ಹೆಣೆಯುವ ಯಂತ್ರಗಳಿದ್ದವು, ಭೂಮಿಯಿಲ್ಲದ ಕುಟುಂಬಗಳೂ ಇದ್ದವು.

ಆ ಹೆಣಿಗೆಯವರನ್ನು ಭೇಟಿಯಾಗಲು ಜನಗಣತಿಯ ಹಾಳೆಗಳೇ ಸುಲಭದ ದಾರಿ. ಲೆಸ್ಟರ್‌ಶೈರಿನ ಹಾಳೆಗಳಲ್ಲಿ ಉದ್ಯೋಗದ ಅಂಕಣವನ್ನು ಮೇಲಿನಿಂದ ಕೆಳಗೆ ಓದುತ್ತ ಹೋದರೆ ‘ಎಫ್‌.ಡಬ್ಲ್ಯೂ.ಕೆ.’ ಎಂಬ ಮೂರಕ್ಷರ ಮತ್ತೆ ಮತ್ತೆ ಎದುರಾಗುತ್ತದೆ. ‘ಫ್ರೇಮ್‌ವರ್ಕ್ ನಿಟ್ಟರ್’ (ಚೌಕಟ್ಟಿನ ಯಂತ್ರದಲ್ಲಿ ಹೆಣೆಯುವವ) ಎಂದು ಪೂರ್ತಿ ಬರೆಯುವಷ್ಟು ತಾಳ್ಮೆ ಗಣತಿದಾರನಿಗೆ ಉಳಿದಿರಲಿಲ್ಲ. 1841ರ ಹಾಳೆಯಲ್ಲಿ ದೊಡ್ಡವರ ವಯಸ್ಸನ್ನು ಸಾಮಾನ್ಯವಾಗಿ ಐದರ ಗುಣಕಕ್ಕೆ ಇಳಿಸಿ ಬರೆಯುತ್ತಿದ್ದರು, ಮನೆಯವರ ಪರಸ್ಪರ ಸಂಬಂಧವನ್ನು ಬರೆಯುತ್ತಿರಲಿಲ್ಲ. 1851ರಲ್ಲಿ ವಯಸ್ಸು, ಸಂಬಂಧ, ಹುಟ್ಟಿದ ಪ್ಯಾರಿಷ್ (ಒಂದು ಚರ್ಚಿನ ವ್ಯಾಪ್ತಿಗೆ ಸೇರಿದ ಊರು) ಮೂರನ್ನೂ ಕೇಳಿದರು. ಒಂದೇ ಕುಟುಂಬವನ್ನು ಈ ಎರಡು ಹಾಳೆಗಳಲ್ಲಿ ಪಕ್ಕಪಕ್ಕದಲ್ಲಿಟ್ಟು ನೋಡಿದಾಗ, ಹತ್ತು ವರ್ಷಗಳಲ್ಲಿ ಹದಿನಾಲ್ಕು ವರ್ಷ ದೊಡ್ಡವನಾದ ಗಂಡಸು ಹೇಗೆ ಹುಟ್ಟಿಕೊಳ್ಳುತ್ತಾನೆಂಬುದನ್ನು ವಿದ್ಯಾರ್ಥಿಗಳು ತಾವಾಗಿಯೇ ಬಿಡಿಸಿಕೊಳ್ಳುತ್ತಾರೆ.

ಭೂಮಿಯ ವಿಷಯಕ್ಕೆ ಬಂದರೆ, 1836ರ ಕಾಯಿದೆಯ ಮೇರೆಗೆ ಚರ್ಚಿಗೆ ಸಲ್ಲುವ ದಶಮಾಂಶವನ್ನು (ಬೆಳೆಯ ಹತ್ತನೆಯ ಒಂದು ಪಾಲು) ನಗದಿಗೆ ಬದಲಿಸಲು ತಯಾರಿಸಿದ ಟೈದ್ ನಕ್ಷೆಗಳು ಬಹಳ ಉಪಯುಕ್ತ. ಅವುಗಳ ಜೊತೆಗಿರುವ ಪಟ್ಟಿ ನಮ್ಮ ಪಹಣಿಯಂತೆಯೇ ಇರುತ್ತದೆ: ಒಡೆಯ, ಸಾಗುವಳಿ ಮಾಡುವವ, ಹೊಲದ ಹೆಸರು, ಎಕರೆ, ಉಳುವ ಭೂಮಿಯೋ ಹುಲ್ಲುಗಾವಲೋ ಎಂಬ ವಿವರ. ಆದರೆ ಇಂಗ್ಲೆಂಡಿನ ನಡುಭಾಗವಾದ ಮಿಡ್‌ಲ್ಯಾಂಡ್ಸ್‌ನ ಅನೇಕ ಊರುಗಳಿಗೆ ಇಂಥ ನಕ್ಷೆ ಇಲ್ಲವೇ ಇಲ್ಲ, ಏಕೆಂದರೆ ಅಲ್ಲಿ ಬೇಲಿ ಹಾಕುವಾಗಲೇ ದಶಮಾಂಶದ ಬದಲು ಪಾದ್ರಿಗೆ ಜಮೀನು ಕೊಟ್ಟು ಲೆಕ್ಕ ಚುಕ್ತಾ ಮಾಡಿಬಿಟ್ಟಿದ್ದರು.

ತರಗತಿಗೆ ಅತ್ಯಂತ ಪ್ರಿಯವಾದದ್ದು ಮೃತರ ಚರಾಸ್ತಿಯ ಪಟ್ಟಿ. ಹದಿನಾರನೆಯ ಶತಮಾನದಿಂದ ಹದಿನೆಂಟನೆಯ ಶತಮಾನದ ನಡುಭಾಗದವರೆಗೆ ಇವು ಸಾವಿರಾರು ಸಂಖ್ಯೆಯಲ್ಲಿ ಉಳಿದಿವೆ. ಮನುಷ್ಯ ಸತ್ತ ಕೆಲವು ದಿನಗಳಲ್ಲಿ ನೆರೆಹೊರೆಯ ಇಬ್ಬರು ಮೂವರು ಬಂದು ಬೆಲೆ ಕಟ್ಟುತ್ತಾರೆ. ಮೊದಲ ಸಾಲಿನಲ್ಲಿ ಅವನ ಉಡುಪು ಮತ್ತು ಥೈಲಿಯಲ್ಲಿದ್ದ ಹಣ. ಆಮೇಲೆ ಹಜಾರ, ಮಲಗುವ ಕೋಣೆ, ಅಟ್ಟ, ಅಡುಗೆಮನೆ, ಕಣಜ ಎಂದು ಅವರು ಕಾಲಿಟ್ಟ ಕ್ರಮದಲ್ಲೇ ಪಟ್ಟಿ ಮುಂದುವರಿಯುವುದರಿಂದ, ಅದನ್ನು ಹಿಡಿದು ಇಂದು ನೆಲಸಮವಾಗಿರುವ ಮನೆಯ ಕೋಣೆಗಳನ್ನೂ ಗೆರೆ ಎಳೆದು ಊಹಿಸಬಹುದು. ಹಿತ್ತಾಳೆ ಪಾತ್ರೆ, ಹಾಸಿಗೆ, ಕುರಿ, ಹೊಲದಲ್ಲಿ ನಿಂತ ಪೈರು, ಕೊನೆಗೆ ಗೊಬ್ಬರದ ರಾಶಿಗೂ ಬೆಲೆ. ಆದರೆ ಸ್ವಂತ ಭೂಮಿ ಇದರಲ್ಲಿ ಬರುವುದಿಲ್ಲ, ಸತ್ತವನು ತೀರಿಸಬೇಕಾಗಿದ್ದ ಸಾಲವೂ ಸಾಮಾನ್ಯವಾಗಿ ಬರುವುದಿಲ್ಲ. ಆದ್ದರಿಂದ ಇಬ್ಬರಲ್ಲಿ ಯಾರು ಸಿರಿವಂತ ಎಂದು ಕೊನೆಯ ಮೊತ್ತ ನೋಡಿ ಹೇಳುವವರಿಗೆ ನಾನು ಅದೇ ಪ್ರಶ್ನೆಯನ್ನು ಮತ್ತೆ ಕೇಳುತ್ತೇನೆ: ಈ ಪಟ್ಟಿಯನ್ನು ಯಾವ ಕೆಲಸಕ್ಕಾಗಿ ಬರೆಸಿದರು?

ದೀಕ್ಷಾಸ್ನಾನ, ಮದುವೆ, ಶವಸಂಸ್ಕಾರಗಳನ್ನು ಬರೆದಿಡುವ ಪ್ಯಾರಿಷ್ ರಿಜಿಸ್ಟರುಗಳು 1538ರಲ್ಲಿ ಅರಸ ಎಂಟನೆಯ ಹೆನ್ರಿಯ ಮಂತ್ರಿ ಥಾಮಸ್ ಕ್ರಾಮ್‌ವೆಲ್‌ನ ಆಜ್ಞೆಯಿಂದ ಆರಂಭವಾದವು. ಅವುಗಳಲ್ಲಿ ಹೊಸಬರನ್ನು ಕೆಡವುವುದು ಪಂಚಾಂಗ. ದಂಪತಿಯ ಮದುವೆ 1698ರ ಜೂನ್‌ನಲ್ಲಿ, ಮಗುವಿನ ದೀಕ್ಷಾಸ್ನಾನ 1698ರ ಫೆಬ್ರವರಿಯಲ್ಲಿ ಎಂದು ಕಂಡರೆ ತರಗತಿಯಲ್ಲಿ ಸಣ್ಣ ನಗೆ ಏಳುತ್ತದೆ. ಆದರೆ 1752ಕ್ಕೆ ಮೊದಲು ಇಂಗ್ಲೆಂಡಿನಲ್ಲಿ ವರ್ಷ ಆರಂಭವಾಗುತ್ತಿದ್ದದ್ದು ಮಾರ್ಚ್ 25ರಂದು. ಆ ಫೆಬ್ರವರಿ ಜೂನ್ ಆದ ಮೇಲೆ ಬಂದದ್ದು, ನಮ್ಮ ಲೆಕ್ಕದಲ್ಲಿ 1699. ಆ ದಂಪತಿಯ ಮಾನ ಅಲ್ಲಿಗೆ ಮುಕ್ಕಾಲು ಪಾಲು ಉಳಿಯುತ್ತದೆ.

ಇವುಗಳಲ್ಲಿ ಅನೇಕವು ಈಗ ಅಂತರಜಾಲದಲ್ಲಿ ಸಿಗುತ್ತವೆ. ಅದರಿಂದ ಆಗಿರುವ ಉಪಕಾರ ಸಣ್ಣದಲ್ಲ. ನನ್ನ ತಕರಾರು ಹುಡುಕುವ ಕ್ರಮದ ಬಗ್ಗೆ. ಮನೆತನದ ಹೆಸರು ಹಾಕಿದ ಕೂಡಲೇ ಒಂದೇ ಸಾಲು ಎದ್ದುಬರುತ್ತದೆ, ಅದರ ಮೇಲಿನ ಮತ್ತು ಕೆಳಗಿನ ಸಾಲುಗಳು ಕಣ್ಣಿಗೆ ಬೀಳುವುದಿಲ್ಲ. ವಂಶವೃಕ್ಷ ಬರೆಯುವವರಿಗೆ ಅಷ್ಟು ಸಾಕು. ಒಂದೇ ತಿಂಗಳಲ್ಲಿ ಎಷ್ಟು ಶವಸಂಸ್ಕಾರಗಳಾದವು, ಪಕ್ಕದ ಮನೆಯವರು ಎಲ್ಲಿಂದ ಬಂದವರು ಎಂದು ತಿಳಿಯಬೇಕಾದರೆ ಇಡೀ ಪುಟವನ್ನೇ ಓದಬೇಕು.

ಚರಾಸ್ತಿ ಪಟ್ಟಿಯಲ್ಲಿ ಕಾಣದ ಕೂಲಿಕಾರ ಎಲ್ಲಿ ಸಿಗುತ್ತಾನೆ ಎಂಬ ಪ್ರಶ್ನೆ ಪ್ರತಿ ತಂಡದಲ್ಲೂ ಬರುತ್ತದೆ. ಹೆಚ್ಚಾಗಿ ಸಿಗುವುದು, ಊರು ಅವನನ್ನು ಹೊರಹಾಕಲು ಯೋಚಿಸಿದಾಗ. 1662ರ ಕಾಯಿದೆಯ ನಂತರ, ಬಡವನನ್ನು ಸಾಕುವ ಹೊಣೆ ಯಾವ ಪ್ಯಾರಿಷ್‌ನದೆಂದು ತೀರ್ಮಾನಿಸಲು ಅವನಿಂದ ನ್ಯಾಯಾಧಿಕಾರಿಗಳ ಮುಂದೆ ಪ್ರಮಾಣ ಮಾಡಿಸಿ ಹೇಳಿಕೆ ಬರೆಸಿಕೊಳ್ಳುತ್ತಿದ್ದರು: ಹುಟ್ಟಿದ್ದೆಲ್ಲಿ, ಯಾರಲ್ಲಿ ದುಡಿದೆ, ಎಷ್ಟು ಕಾಲ, ಸಂಬಳವೆಷ್ಟು. ಮದುವೆಯಾಗದ ಆಳು ಒಂದು ಪೂರ್ತಿ ವರ್ಷ ದುಡಿದರೆ ಆ ಊರಿನ ಹಕ್ಕುದಾರನಾಗುತ್ತಿದ್ದ. ಆದ್ದರಿಂದ ಒಡೆಯರು ಐವತ್ತೊಂದು ವಾರಕ್ಕೆ ಮಾತ್ರ ಕರಾರು ಮಾಡಿಕೊಳ್ಳುವುದೂ ಇತ್ತು. ಅಂಥ ಹೇಳಿಕೆಯೊಂದನ್ನು ಓದಿಸುವಾಗ ಆ ಕಳೆದುಹೋದ ಒಂದು ವಾರದ ಬಗ್ಗೆ ನಾನು ಮೊದಲೇ ಏನೂ ಹೇಳುವುದಿಲ್ಲ. ಸಾಮಾನ್ಯವಾಗಿ ಒಂದು ಕಾಲಕ್ಕೆ ಸಂಬಳದ ಲೆಕ್ಕ ಬರೆಯುತ್ತಿದ್ದವರೇ ಅದನ್ನು ಮೊದಲು ಹಿಡಿಯುತ್ತಾರೆ.