ಚೀನಾ ಕಾನೂನಿಲ್ಲದೇ ಬೆಳೆಯಿತಲ್ಲ, ನಮ್ಮ ಕಾನೂನಿಂದ ಏನಾಯ್ತು?

ದಾವಣಗೆರೆ ಎಪಿಎಂಸಿಯ ದಲಾಲಿ ಅಂಗಡಿಯಲ್ಲಾಗಲಿ, ಚಿತ್ರದುರ್ಗದ ಕೋರ್ಟ್ ಆವರಣದಲ್ಲಾಗಲಿ, ಮಾತು ದೇಶದ ಆರ್ಥಿಕತೆ ಕಡೆ ಹೊರಳಿದರೆ ಸಾಕು, ಈ ಪ್ರಶ್ನೆ ಬಂದೇ ಬರುತ್ತದೆ. "ನಮ್ಮಲ್ಲಿ ಕರಾರು ಕಾಯ್ದೆ 1872ರಿಂದ ಇದೆ. ಚೀನಾದಲ್ಲಿ ಆಸ್ತಿ ಕಾನೂನು ಬಂದಿದ್ದೇ 2007ರಲ್ಲಿ. ಅಷ್ಟೊತ್ತಿಗೆ ಅವರು ಎಲ್ಲಿಗೋ ಹೋಗಿದ್ರು. ಹಾಗಾದ್ರೆ ಅಭಿವೃದ್ಧಿಗೂ ಕಾನೂನಿಗೂ ಏನು ಸಂಬಂಧ?"

ಸಂಬಂಧ ಇದೆ, ಆದರೆ ಕಾಯ್ದೆಯ ವಯಸ್ಸಿನಲ್ಲಿ ಅದನ್ನು ಹುಡುಕಬಾರದು. ನಡೆದ ವ್ಯವಹಾರವನ್ನು ನಡೆದ ಹಾಗೇ ಬರೆದಿಟ್ಟರೆ ಬರೆದವನಿಗೆ ಲಾಭವೋ ನಷ್ಟವೋ, ನೋಡಬೇಕಾದ್ದು ಅದನ್ನು. ನಷ್ಟ ಎನ್ನುವ ಕಡೆ ಜನ ಕಾಗದದಿಂದ ದೂರ ಓಡುತ್ತಾರೆ, ಅವರ ಹಿಂದೆಯೇ ಸಾಲ, ವಿಮೆ, ಬಂಡವಾಳ ಎಲ್ಲವೂ ಓಡಿಹೋಗುತ್ತವೆ.

ಚೀನಾದಿಂದಲೇ ಶುರು ಮಾಡೋಣ. 1978ರ ಕೊನೆಗೆ ಅನ್‌ಹುಯಿ ಪ್ರಾಂತ್ಯದ ಶಿಯಾವ್‌ಗಾಂಗ್ ಎಂಬ ಹಳ್ಳಿಯಲ್ಲಿ 18 ರೈತರು ಸೇರಿ ಒಂದು ಕಾಗದಕ್ಕೆ ಹೆಬ್ಬೆಟ್ಟು ಒತ್ತಿದರು. ಸಾಮೂಹಿಕ ಜಮೀನನ್ನು ಮನೆಮನೆಗೆ ಹಂಚಿಕೊಳ್ಳುವುದು, ಸರ್ಕಾರಕ್ಕೆ ಕೊಡಬೇಕಾದ ಧಾನ್ಯ ಕೊಟ್ಟು ಉಳಿದದ್ದನ್ನು ಇಟ್ಟುಕೊಳ್ಳುವುದು, ಇದಕ್ಕಾಗಿ ಮುಖಂಡರು ಜೈಲಿಗೆ ಹೋದರೆ ಅವರ ಮಕ್ಕಳನ್ನು 18 ವರ್ಷ ತುಂಬುವ ತನಕ ಉಳಿದವರು ಸಾಕುವುದು. ಕಾನೂನಿನ ಕಣ್ಣಲ್ಲಿ ಆ ಕಾಗದ ಅಪರಾಧ. ಆದರೆ ಕರಾರಿಗೆ ಬೇಕಾದ್ದೆಲ್ಲ ಅದರಲ್ಲಿತ್ತು: ಯಾರಿಗೆ ಏನು, ಯಾರು ಎಷ್ಟು ಕೊಡಬೇಕು, ಕೆಟ್ಟರೆ ಹೊಣೆ ಯಾರದು.

ಆಮೇಲೆ ಸರ್ಕಾರ ಆ ಕಾಗದವನ್ನು ಹರಿದುಹಾಕಲಿಲ್ಲ, ಅದರ ಹಿಂದೆ ನಡೆದುಕೊಂಡು ಬಂತು. ರೈತರ ಮನೆಗಳಿಗೆ ಕೊಟ್ಟ ಜಮೀನಿನ ಗುತ್ತಿಗೆ ಅವಧಿ 1984ರಲ್ಲಿ 15 ವರ್ಷಕ್ಕೆ ಬಂತು, 1993ರಲ್ಲಿ ಇನ್ನೂ 30 ವರ್ಷ ಸೇರಿತು, 2002ರಲ್ಲಿ ಗ್ರಾಮೀಣ ಭೂ ಗುತ್ತಿಗೆ ಕಾನೂನೇ ಆಯಿತು. ಚೀನಾ ಕಾನೂನಿಲ್ಲದೇ ಬೆಳೆಯಿತು ಅನ್ನುವುದಕ್ಕಿಂತ, ಜನ ಬಚ್ಚಿಟ್ಟು ಮಾಡುತ್ತಿದ್ದುದನ್ನು ಬಯಲಲ್ಲಿ ಮಾಡಲು ಬಿಟ್ಟಿತು ಅನ್ನುವುದು ಸರಿ. ಹಾಗೆ ಬಿಡದ ಕಡೆ ಅಲ್ಲೂ ಪೆಟ್ಟು ಬಿದ್ದಿದೆ. ಖಾಸಗಿ ಉದ್ಯಮಕ್ಕೆ ಅನುಮಾನದ ಕಣ್ಣಿದ್ದ 1980ರ ದಶಕದಲ್ಲಿ ಎಷ್ಟೋ ಮಾಲೀಕರು ತಮ್ಮ ಕಾರ್ಖಾನೆಯನ್ನು ಊರಿನ ಸಾಮೂಹಿಕ ಸಂಸ್ಥೆ ಎಂದು ನೋಂದಾಯಿಸಿದರು. ಇದಕ್ಕೆ 'ಕೆಂಪು ಟೋಪಿ' ಅಂತ ಹೆಸರೇ ಬಿತ್ತು. ಲಾಭ ಬಂದ ಮೇಲೆ ಕಾರ್ಖಾನೆ ಯಾರದು ಎಂಬ ಜಗಳ ಬಂತು, ಯಾಕೆಂದರೆ ದಾಖಲೆ ಒಂದು ಹೇಳುತ್ತಿತ್ತು, ವಾಸ್ತವ ಇನ್ನೊಂದು.

ತೈವಾನಿನ ದಾರಿ ಬೇರೆ. ಅಲ್ಲಿ ಜಪಾನೀಯರ ಆಳ್ವಿಕೆಯಲ್ಲಿ 1898ರಿಂದ ಹೊಲಹೊಲವನ್ನೂ ಅಳೆದು, ಒಂದೇ ಜಮೀನಿನ ಮೇಲೆ ಕೂತಿದ್ದ ಎರಡೆರಡು ಹಂತದ ಹಕ್ಕುಗಳಲ್ಲಿ ಮೇಲಿನದನ್ನು ಬಾಂಡು ಕೊಟ್ಟು ತೆಗೆದುಹಾಕಿದ್ದರು. ಆ ನಕ್ಷೆ, ಆ ಪುಸ್ತಕ ಕೈಯಲ್ಲಿದ್ದುದರಿಂದಲೇ 1949ರಲ್ಲಿ ಗೇಣಿಯನ್ನು ಮುಖ್ಯ ಬೆಳೆಯ 37.5%ಗೆ ಇಳಿಸುವುದಕ್ಕೂ, 1953ರಲ್ಲಿ ಉಳುವವನಿಗೆ ಜಮೀನು ಕೊಡುವುದಕ್ಕೂ ಸಾಧ್ಯವಾಯಿತು. ಮಧ್ಯಮ ದರ್ಜೆಯ ಗದ್ದೆಯಾದರೆ ಸುಮಾರು 3 ಹೆಕ್ಟೇರ್ ಮಾಲೀಕ ಇಟ್ಟುಕೊಳ್ಳಬಹುದಿತ್ತು. ಬಿಟ್ಟುಕೊಟ್ಟ ಜಮೀನಿನ ಬೆಲೆಯಲ್ಲಿ 70% ಬಾಂಡಿನಲ್ಲಿ, 30% ಸರ್ಕಾರಿ ಕಂಪನಿಗಳ ಷೇರಿನಲ್ಲಿ ಬಂತು. ಜಮೀನ್ದಾರ ಹೀಗೆ ಸಿಮೆಂಟ್ ಕಂಪನಿಯ ಪಾಲುದಾರನಾದ. ಆ 30% ನನಗೆ ಬಹಳ ಮುಖ್ಯವಾಗಿ ಕಾಣುತ್ತದೆ, ಜಮೀನಿನಲ್ಲಿ ಕೂತಿದ್ದ ದುಡ್ಡಿಗೆ ಕಾರ್ಖಾನೆಯ ದಾರಿ ತೋರಿಸಿದ್ದು ಅದೇ.

ನಮ್ಮಲ್ಲಿ ಕರ್ನಾಟಕ ಭೂಸುಧಾರಣಾ ಕಾಯ್ದೆಗೆ ಬಂದ 1974ರ ಮಾರ್ಚ್ 1ರ ತಿದ್ದುಪಡಿ ದೊಡ್ಡ ಕೆಲಸ ಮಾಡಿದೆ. ಅದನ್ನು ಹಗುರ ಮಾಡಿ ಮಾತಾಡುವವರ ಜೊತೆ ನಾನಿಲ್ಲ. ಫಾರಂ 7, ಅಂದರೆ ಒಡೆತನ ಕೋರುವ ಅರ್ಜಿ, ಹಾಕಿ ಗೇಣಿದಾರ ಒಡೆಯನಾದ. ಕರಾವಳಿ, ಮಲೆನಾಡಿನಲ್ಲಿ ಅದರ ಫಲ ಹೆಚ್ಚು. ಒಣಭೂಮಿಯ ಚಿತ್ರದುರ್ಗ ಸೀಮೆಯಲ್ಲಿ ಗೇಣಿಯೇ ಕಡಿಮೆ ಇದ್ದುದರಿಂದ ಫಲವೂ ಕಡಿಮೆ. ಆದರೆ ಅದೇ ಕಾಯ್ದೆ ಮುಂದಿನ ಗೇಣಿಯನ್ನೂ, ಸೈನಿಕರಂಥ ಕೆಲವರನ್ನು ಬಿಟ್ಟು, ಪೂರ್ತಿ ನಿಷೇಧಿಸಿತು. ಗೇಣಿ ನಿಂತಿತೇ? ಭದ್ರಾ ನಾಲೆಯ ಕೆಳಗಿನ ಯಾವ ಊರಿಗಾದರೂ ಹೋಗಿ ನೋಡಿ. ಬೆಳೆಯಲ್ಲಿ ಪಾಲಾದರೆ 'ಕೋರು', ಎಕರೆಗೆ ಇಷ್ಟು ಅಂತಾದರೆ 'ಲಾವಣಿ'. ಎರಡೂ ಬಾಯಿಮಾತು. "ಬರೆದುಕೊಟ್ರೆ ಜಮೀನು ಹೋಯ್ತು" ಎಂಬ ಭಯ ಮಾಲೀಕನಿಗೆ ಇವತ್ತಿಗೂ ಇದೆ.

ಈಗ ಪಹಣಿಯನ್ನು ಕೈಗೆ ತಗೊಳ್ಳಿ. 9ನೇ ಕಲಂನಲ್ಲಿ ಮಾಲೀಕನ ಹೆಸರು. 10ರಲ್ಲಿ ಜಮೀನು ಹೇಗೆ ಬಂತು. 11ರಲ್ಲಿ ಸಾಲ, ಇತರ ಹಕ್ಕು. 12ರಲ್ಲಿ ಸಾಗುವಳಿ, ಬೆಳೆ. ಕೋರಿಗೆ ಮಾಡುವವನು ಬೀಜ, ಗೊಬ್ಬರ, ಆಳಿನ ಖರ್ಚೆಲ್ಲ ಹಾಕಿರುತ್ತಾನೆ, ಆದರೆ ಅವನು ಯಾವ ಕಲಂನಲ್ಲೂ ಇಲ್ಲ. ಹೀಗಾಗಿ ಬೆಳೆ ಸಾಲ, ಬೆಳೆ ಪರಿಹಾರ ಪಹಣಿಯಲ್ಲಿ ಹೆಸರಿದ್ದವನ ಖಾತೆಗೆ ಹೋಗುತ್ತವೆ. ಕೋರಿನವನು ದಲಾಲಿ ಅಂಗಡಿಯಿಂದ ಮುಂಗಡ ತರುತ್ತಾನೆ, ಬೆಳೆಯನ್ನೂ ಅದೇ ಅಂಗಡಿಗೆ ಹಾಕುತ್ತಾನೆ. ಪೋಡಿಯಾಗದ, ಅಂದರೆ ಪಾಲಿನಂತೆ ಅಳೆದು ಬೇರ್ಪಡಿಸದ ಸರ್ವೆ ನಂಬರು, ಪೌತಿ ಖಾತೆಯಾಗದೆ, ಅಂದರೆ ವಾರಸುದಾರರ ಹೆಸರಿಗೆ ಬದಲಾಗದೆ, ತೀರಿಕೊಂಡ ಅಜ್ಜನ ಹೆಸರಲ್ಲೇ ಉಳಿದ ಪಹಣಿ, ಇವೂ ಇದೇ ಜಾತಿಯ ರೋಗ. 2000ದ ಹೊತ್ತಿಗೆ ಬಂದ ಭೂಮಿ ಯೋಜನೆ ಪಹಣಿಯನ್ನು ಕಂಪ್ಯೂಟರಿಗೆ ಹಾಕಿತು, ಕೈಬರಹದ ತಿದ್ದಾಟ ನಿಂತಿತು. ಆದರೆ ಪುಸ್ತಕದಲ್ಲಿ ಮೊದಲೇ ಇಲ್ಲದ ಹೆಸರನ್ನು ಕಂಪ್ಯೂಟರ್ ಎಲ್ಲಿಂದ ತರಬೇಕು?

ಚೀನಾ ಇಲ್ಲಿ ಮಾಡಿದ್ದನ್ನು ನಾವು ಗಮನಿಸಬೇಕು. ಆ ಗ್ರಾಮೀಣ ಭೂ ಗುತ್ತಿಗೆ ಕಾನೂನಿನ 2018ರ ತಿದ್ದುಪಡಿಯಲ್ಲಿ ಒಂದೇ ಜಮೀನಿನ ಹಕ್ಕನ್ನು ಮೂರಾಗಿ ಬಿಡಿಸಿದರು: ಒಡೆತನ ಊರಿನದು, ಗುತ್ತಿಗೆ ಹಕ್ಕು ಮನೆಯದು, ಸಾಗುವಳಿ ಹಕ್ಕು ಬೇರೆಯವರಿಗೆ ಕೊಡಬಹುದಾದದ್ದು. ಪಟ್ಟಣಕ್ಕೆ ದುಡಿಯಲು ಹೋದವನು ಹೊಲವನ್ನು ಲಿಖಿತವಾಗಿ ಇನ್ನೊಬ್ಬನಿಗೆ ಕೊಟ್ಟರೂ ಅವನ ಗುತ್ತಿಗೆ ಹಕ್ಕು ಅಲ್ಲಾಡುವುದಿಲ್ಲ.

ಇನ್ನು ವ್ಯಾಪಾರ. ಮಾರುಕಟ್ಟೆ ಪ್ರಾಂಗಣದ ಒಳಗೆ ಕೋರ್ಟಿಲ್ಲದೆಯೂ ಮಾತು ನಡೆಯುತ್ತದೆ. ಉದ್ರಿ ತೀರಿಸದವನಿಗೆ ಪಕ್ಕದ ಅಂಗಡಿಯವನೂ ಮಾಲು ಕೊಡುವುದಿಲ್ಲ, ಶಿಕ್ಷೆ ಅಷ್ಟೇ, ಸಾಕು ಕೂಡ. ಏಷ್ಯಾದ ಬಹುಪಾಲು ವ್ಯಾಪಾರ ಇಂಥ ಪರಿಚಯದ ಮೇಲೆಯೇ ಬೆಳೆದದ್ದು. ಆದರೆ ಮೆಕ್ಕೆಜೋಳದ ಲಾರಿ ಪರಿಚಯವಿಲ್ಲದ ಹೊರರಾಜ್ಯದ ಕೋಳಿ ಆಹಾರದ ಗಿರಣಿಗೆ ಹೋದಾಗ ಈ ಹಗ್ಗ ಅಲ್ಲಿಗೆ ಮುಟ್ಟುವುದಿಲ್ಲ. ಅಲ್ಲಿ ಕೋರ್ಟು ಬೇಕು, ಅದೂ ಬೇಗ ತೀರ್ಪು ಕೊಡುವ ಕೋರ್ಟು. ವಿಶ್ವಬ್ಯಾಂಕಿನ 2020ರ ವ್ಯವಹಾರ ಸೂಚ್ಯಂಕದಲ್ಲಿ ಕರಾರು ಜಾರಿಗೆ ಸಿಂಗಪುರಕ್ಕೆ 164 ದಿನ, ದಕ್ಷಿಣ ಕೊರಿಯಾಕ್ಕೆ 290, ಭಾರತಕ್ಕೆ 1,445. (ಚೀನಾ ಸೇರಿ ಕೆಲವು ದೇಶಗಳ ಅಂಕಿ ತಿದ್ದಿದ ಗಲಾಟೆಯಲ್ಲಿ ಆ ಸೂಚ್ಯಂಕ 2021ರಲ್ಲಿ ನಿಂತುಹೋಯಿತು, ಅದಕ್ಕೇ ಚೀನಾ ಬಿಟ್ಟಿದ್ದೇನೆ.) 10 ಲಕ್ಷದ ಬಾಕಿಗೆ 12% ಸಾದಾ ಬಡ್ಡಿ ಹಿಡಿದರೂ 1,445 ದಿನಕ್ಕೆ 4.75 ಲಕ್ಷ. ಈ ಲೆಕ್ಕ ಸಾಲಗಾರನಿಗೂ ಗೊತ್ತು. "6 ಲಕ್ಷಕ್ಕೆ ಮುಗಿಸಿಬಿಡಿ" ಅನ್ನುವ ಧೈರ್ಯ ಅವನಿಗೆ ಬರುವುದು ಅಲ್ಲಿಂದ.

ಕಾಯ್ದೆಯ ಒಂದು ಸಾಲು ವ್ಯಾಪಾರವನ್ನು ಹೇಗೆ ಬದಲಿಸುತ್ತದೆ ಎಂಬುದಕ್ಕೆ ಚೆಕ್ ಬೌನ್ಸ್ ನೋಡಿ. 2014ರ ಸುಪ್ರೀಂ ಕೋರ್ಟ್ ತೀರ್ಪಿನ ಪ್ರಕಾರ ಚೆಕ್ ಕೊಟ್ಟವನ ಬ್ಯಾಂಕ್ ಎಲ್ಲಿದೆಯೋ ಅಲ್ಲೇ ಕೇಸು ಹಾಕಬೇಕಿತ್ತು. ದಾವಣಗೆರೆಯವನು 2 ಲಕ್ಷಕ್ಕಾಗಿ ಹೊರರಾಜ್ಯದ ಕೋರ್ಟಿಗೆ ಎಷ್ಟು ಸಲ ಓಡಾಡುತ್ತಾನೆ? 2015ರ ತಿದ್ದುಪಡಿ ಬಂದ ಮೇಲೆ, ಚೆಕ್ ಪಡೆದವನು ತನ್ನ ಖಾತೆ ಇರುವ ಶಾಖೆಯ ಊರಿನಲ್ಲೇ ಹಾಕಬಹುದು. ಗಡುವುಗಳು ಮಾತ್ರ ಬಿಗಿ. ಚೆಕ್ಕಿನ ತಾರೀಖಿನಿಂದ 3 ತಿಂಗಳೊಳಗೆ ಬ್ಯಾಂಕಿಗೆ ಹಾಕಬೇಕು. ವಾಪಸಾದ ಮಾಹಿತಿ ಬಂದ 30 ದಿನದೊಳಗೆ ಲಿಖಿತ ನೋಟಿಸ್ ಕೊಡಬೇಕು. ನೋಟಿಸ್ ತಲುಪಿದ ಮೇಲೆ ಹಣ ಕಟ್ಟಲು ಚೆಕ್ ಕೊಟ್ಟವನಿಗೆ 15 ದಿನ. ಅದು ದಾಟಿದ ಒಂದು ತಿಂಗಳೊಳಗೆ ದೂರು. ಕೇಸು ಸೋಲುವುದು ಹೆಚ್ಚಾಗಿ ಎರಡು ಕಡೆ: ನೋಟಿಸಿನಲ್ಲಿ ಚೆಕ್ಕಿನ ಮೊತ್ತವನ್ನೇ ಸ್ಪಷ್ಟವಾಗಿ ಕೇಳದೆ ಬೇರೆ ಬಾಕಿಯನ್ನೆಲ್ಲ ಕಲಸಿದಾಗ, ಮತ್ತು ಮಾಲು ಕೊಟ್ಟಿದ್ದಕ್ಕೆ ಬಿಲ್ಲೇ ಇಲ್ಲದಾಗ.

ಬಿಲ್ಲು ಯಾಕಿರುವುದಿಲ್ಲ? ತೆರಿಗೆ ಉಳಿಸಲು ಕಚ್ಚಾ ಚೀಟಿಯಲ್ಲಿ ಮಾರಿರುತ್ತಾರೆ. ಆ ಉಳಿತಾಯದ ನಿಜವಾದ ಬೆಲೆ ಇಲ್ಲಿ ತೆರಬೇಕಾಗುತ್ತದೆ.

ಸಣ್ಣ ಉತ್ಪಾದಕರಿಗೆ, ಅಂದರೆ ಮಂಡಕ್ಕಿ ಭಟ್ಟಿ, ಎಣ್ಣೆ ಗಾಣ, ಹೊಲಿಗೆ ಘಟಕದಂಥವರಿಗೆ, 2006ರ ಎಂಎಸ್‌ಎಂಇ (ಅತಿಸಣ್ಣ, ಸಣ್ಣ, ಮಧ್ಯಮ ಉದ್ಯಮ) ಕಾಯ್ದೆ ಇನ್ನೊಂದು ಬಾಗಿಲು. ಒಪ್ಪಂದ ಏನೇ ಇರಲಿ, ಪಾವತಿ 45 ದಿನ ದಾಟುವಂತಿಲ್ಲ. ದಾಟಿದರೆ ರಿಸರ್ವ್ ಬ್ಯಾಂಕ್ ಪ್ರಕಟಿಸುವ ಬ್ಯಾಂಕ್ ದರದ ಮೂರು ಪಟ್ಟು, ತಿಂಗಳಿಗೊಮ್ಮೆ ಚಕ್ರಬಡ್ಡಿ. ಬ್ಯಾಂಕ್ ದರ 6% ಎಂದುಕೊಂಡರೆ 10 ಲಕ್ಷಕ್ಕೆ ವರ್ಷಕ್ಕೆ ಸುಮಾರು 1.96 ಲಕ್ಷ. ಈ ಕಾಯ್ದೆಯಡಿ ದೂರು ಕೇಳುವ ಮಂಡಳಿಯಲ್ಲಿ ಸೋತ ಖರೀದಿದಾರ ಅದರ ಆದೇಶವನ್ನು ಪ್ರಶ್ನಿಸಬೇಕಾದರೆ ಮೊದಲು ಮೊತ್ತದ 75% ಠೇವಣಿ ಇಡಬೇಕು, ಎಳೆದಾಡುವವನ ಲೆಕ್ಕ ತಲೆಕೆಳಗಾಗುವುದು ಈ ಒಂದು ಷರತ್ತಿನಿಂದ. ಉದ್ಯಮ್ ನೋಂದಣಿಯನ್ನು, ಅಂದರೆ ಇಂಥ ಉದ್ಯಮಗಳ ಸರ್ಕಾರಿ ನೋಂದಣಿಯನ್ನು, ಮಾಲು ಕಳಿಸುವ ಮೊದಲೇ ಮಾಡಿಸಿಟ್ಟಿದ್ದರೆ ತಕರಾರು ಹುಟ್ಟುವುದಿಲ್ಲ. ಬರೀ ಕೊಂಡು ಮಾರುವ ವ್ಯಾಪಾರಿಗಳು ನೋಂದಣಿ ಪಡೆದರೂ ಅದು ಬ್ಯಾಂಕಿನ ಆದ್ಯತಾ ಸಾಲಕ್ಕೆ ಮಾತ್ರ, ಈ ಬಡ್ಡಿಗೆ ಅಲ್ಲ. ಅವರಿಗೆ ಉಳಿದದ್ದು ಚೆಕ್ ಕೇಸು, ಇಲ್ಲವೇ 3 ಲಕ್ಷ ಮೇಲ್ಪಟ್ಟ ವ್ಯಾಜ್ಯಕ್ಕೆ ವಾಣಿಜ್ಯ ನ್ಯಾಯಾಲಯ. ಅಲ್ಲಿ ತುರ್ತು ತಡೆಯಾಜ್ಞೆ ಬೇಡವಾದಲ್ಲಿ ದಾವೆಗೆ ಮೊದಲು ಮಧ್ಯಸ್ಥಿಕೆ ಕಡ್ಡಾಯ, ಅದನ್ನು ಬಿಟ್ಟು ನೇರ ಹೋದರೆ ದಾವೆಯೇ ತಿರಸ್ಕಾರವಾಗುತ್ತದೆ.

ಯಾವ ದಾರಿ ಹಿಡಿದರೂ ಮಾಲಿನ ಬಾಕಿಗೆ ಸಿವಿಲ್ ದಾವೆಯ ಕಾಲಮಿತಿ ಮೂರು ವರ್ಷ. ಅದು ಮುಗಿಯುವ ಮುಂಚೆ "ಇಷ್ಟು ಬಾಕಿ ನಿಜ" ಎಂದು ಬಾಕಿದಾರನಿಂದ ಒಂದು ಸಾಲು ಬರೆಸಿ, ಸಹಿ, ತಾರೀಖು ಹಾಕಿಸಿಕೊಂಡರೆ ಆ ದಿನದಿಂದ ಮತ್ತೆ ಮೂರು ವರ್ಷ ಸಿಗುತ್ತದೆ.