ಕೈ ಓಡಲಿಲ್ಲ ಕಣಮ್ಮ

ಮಾವ ಇಲ್ಲಿಗೆ ಬಂದು ಎರಡು ತಿಂಗಳಾಯಿತು. ಇಷ್ಟು ದಿನದಲ್ಲಿ ಅವರು ಮನಸ್ಸಿಟ್ಟು ನೋಡಿದ ಅಮೆರಿಕಾ ಅಂದರೆ ಪಕ್ಕದ ಮನೆ ಅಜ್ಜನ ಟಿವಿ. ಶನಿವಾರ ಆ ಟಿವಿ ಮುಂದೆ ನಡೆದದ್ದು ಇನ್ನೂ ನನ್ನ ತಲೆಯಿಂದ ಹೋಗಿಲ್ಲ.

ನಾವಿರುವುದು ಕ್ಯಾನ್ಸಸ್ ಸಿಟಿ ಪಕ್ಕದ ಓವರ್‌ಲ್ಯಾಂಡ್ ಪಾರ್ಕ್‌ನಲ್ಲಿ. ಇಲ್ಲಿ ವಯಸ್ಸಾದವರ ಹತ್ತಿರ ಗಾಲ್ಫ್ ಅಂದರೆ ಸಾಕು, ಟಾಮ್ ವಾಟ್ಸನ್ ನಮ್ಮೂರಿನವನು ಅಂತ ಶುರು ಮಾಡುತ್ತಾರೆ. ಗಾಲ್ಫ್‌ನ ಅತಿ ದೊಡ್ಡ ಪಂದ್ಯಾವಳಿಗಳು ಅನ್ನುವ ಮೇಜರ್‌ಗಳನ್ನು 8 ಸಲ ಗೆದ್ದವನು, ಅದರಲ್ಲಿ 5 ಬ್ರಿಟನ್ನಿನ ಓಪನ್. ಅಜ್ಜನಿಗೆ ಅದೆಲ್ಲ ಬಾಯಿಪಾಠ. ಊರಿನ ದೊಡ್ಡ ಕ್ಲಬ್ಬೊಂದು ಒಬ್ಬ ಯಹೂದಿ ಉದ್ಯಮಿಯನ್ನು ಸೇರಿಸಿಕೊಳ್ಳಲಿಲ್ಲ ಅಂತ ವಾಟ್ಸನ್ 1990ರಲ್ಲಿ ತನ್ನ ಸದಸ್ಯತ್ವವನ್ನೇ ಬಿಟ್ಟ ಕಥೆಯನ್ನಂತೂ ನನಗೇ ಮೂರು ಸಲ ಹೇಳಿದ್ದಾರೆ. ಆದರೆ ಮಾವನಿಗೆ ಅಂತ ಹುಡುಕಿ ಹಾಕಿದ್ದು ಗೆದ್ದ ಆಟ ಅಲ್ಲ. ಸೋತ ಆಟ.

2009ರ ಜುಲೈ, ಸ್ಕಾಟ್ಲೆಂಡಿನ ಟರ್ನ್‌ಬೆರಿಯಲ್ಲಿ ನಡೆದ ಓಪನ್. 1977ರಲ್ಲಿ ಇದೇ ಜಾಗದಲ್ಲಿ ವಾಟ್ಸನ್ ಆ ಕಾಲದ ದೊಡ್ಡ ಆಟಗಾರ ಜಾಕ್ ನಿಕ್ಲಾಸ್‌ನಂಥವನನ್ನು ಒಂದೇ ಒಂದು ಹೊಡೆತದಲ್ಲಿ ಹಿಂದೆ ಹಾಕಿದ್ದ. ಈಗ ಅವನಿಗೆ 59. ಹಿಂದಿನ ಅಕ್ಟೋಬರ್‌ನಲ್ಲಷ್ಟೇ ಸೊಂಟದ ಕೀಲು ಬದಲಾಯಿಸಿದ್ದರು. (ಇಲ್ಲಿ ಅಜ್ಜ ವಿಡಿಯೋ ನಿಲ್ಲಿಸಿ ಮಾವನ ಮಂಡಿ ಕಡೆ ನೋಡಿದರು. ಮಾವ ಕಂಡೂ ಕಾಣದ ಹಾಗೆ ಕೂತರು.) ಕೊನೆಯ ದಿನ, ಕೊನೆಯ ಗುಳಿ, 4 ಹೊಡೆತಕ್ಕೆ ಮುಗಿಸಿದರೆ ಓಪನ್ ಅವನದು. ಎರಡನೇ ಹೊಡೆತ 8 ಐರನ್ ಅನ್ನೋ ಕೋಲಿನಲ್ಲಿ, ನೋಡೋಕೆ ಎಷ್ಟು ಚೆಂದ ಅಂತೀರಿ. ಚೆಂಡು ಗುಳಿ ಸುತ್ತಲಿನ ನುಣುಪು ಹುಲ್ಲಿನ ಗ್ರೀನ್ ಮೇಲೆ ಬಿತ್ತು, ನಿಲ್ಲಲಿಲ್ಲ, ಉರುಳಿ ಆಚೆ ಇಳಿದುಹೋಯಿತು. ಅಲ್ಲಿಂದ ಪಟರ್‌ನಲ್ಲಿ, ಅಂದರೆ ಚೆಂಡು ಉರುಳಿಸೋ ಕೋಲಿನಲ್ಲಿ, ತಳ್ಳಿದರೆ ಗುಳಿಯನ್ನೂ ದಾಟಿತು. ಉಳಿದದ್ದು 8 ಅಡಿ.

ಆ 8 ಅಡಿಗೆ ಅವನು ಹೊಡೆದದ್ದು ಹೊಡೆತವೇ ಅಲ್ಲ. ಚೆಂಡಿಗೆ ದಮ್ಮೇ ಇರಲಿಲ್ಲ.

"ಕೈ ಓಡಲಿಲ್ಲ ಕಣಮ್ಮ," ಅಂದರು ಮಾವ. "ಹೊಡೀಬೇಕು ಅಂತಿರಲಿಲ್ಲ ಅವನಿಗೆ. ಮುಗಿದರೆ ಸಾಕು ಅಂತಿತ್ತು."

ನಾನು ಅದನ್ನು ಹೇಗೋ ಇಂಗ್ಲಿಷಿಗೆ ಮಾಡಿ ಹೇಳಿದೆ. ಅಜ್ಜ ಸುಮ್ಮನಾದರು. ಆಮೇಲೆ ಹೇಳಿದರು: 1987ರಲ್ಲಿ ಗೆದ್ದ ಮೇಲೆ ವಾಟ್ಸನ್‌ಗೆ ಅಮೆರಿಕಾದ ವೃತ್ತಿಪರ ಪಂದ್ಯಗಳ ಸರಣಿಯಾದ ಪಿಜಿಎ ಟೂರ್‌ನಲ್ಲಿ ಮತ್ತೊಂದು ಗೆಲುವು ಸಿಕ್ಕಿದ್ದು 1996ರಲ್ಲಿ, ಅದಕ್ಕೆ ದೊಡ್ಡ ಕಾರಣ ಇಂಥವೇ ಗುಳಿ ಪಕ್ಕದ ಸಣ್ಣ ಹೊಡೆತಗಳು, ದೂರದಿಂದ ಮೊದಲಿನ ಹಾಗೇ ಹೊಡೆಯುತ್ತಿದ್ದವನು ಹತ್ತಿರ ಬಂದರೆ ಕೈ ಕಟ್ಟಿಹಾಕಿದ ಹಾಗೆ ಆಡುತ್ತಿದ್ದ. ಇದಕ್ಕೆ ಗಾಲ್ಫ್‌ನವರು ಯಿಪ್ಸ್ ಅಂತಾರೆ. ಗಾಲ್ಫ್ ಕೋಲನ್ನೇ ಮುಟ್ಟದ ಮನುಷ್ಯ ಒಂದೇ ನೋಟಕ್ಕೆ ಅದನ್ನು ಹೇಗೆ ಹಿಡಿದ ಅಂತ ಅಜ್ಜನಿಗೆ ಆಶ್ಚರ್ಯ. ನನಗೇನೂ ಆಗಲಿಲ್ಲ. ಮಾವ ಅರಸೀಕೆರೆಯಲ್ಲಿ ಬ್ಯಾಂಕ್ ಕ್ಯಾಷಿಯರ್ ಆಗಿದ್ದವರು, ಕೇರಂನಲ್ಲಿ ಅವರ ಎದುರು ಕೂರೋಕೆ ಜನ ಹೆದರುತ್ತಿದ್ದರಂತೆ. ಪಾಕೆಟ್ ಬಾಯಲ್ಲೇ ಕೂತ ಕಾಯಿನ್ ಎಷ್ಟು ಕಷ್ಟ ಅಂತ ಅವರಿಗಿಂತ ಚೆನ್ನಾಗಿ ಯಾರಿಗೆ ಗೊತ್ತು?

ಆಮೇಲೆ ಅದೇ 8 ಅಡಿಯನ್ನು ಹಿಂದೆ ಮುಂದೆ ಮಾಡಿ ನಾಲ್ಕು ಸಲ ನೋಡಿದರು, ಪುಣ್ಯಾತ್ಮರು. ಪ್ರತಿ ಸಲವೂ ಅಜ್ಜ ಮುಖ ಕಿವುಚುತ್ತಾರೆ, ಈ ಸಲ ಬಿದ್ದೀತು ಅನ್ನೋ ಹಾಗೆ. ಮುಂದಿನದನ್ನು ಬೇಗ ಬೇಗ ಓಡಿಸಿದರು: ಆ ಗುಳಿ 5 ಹೊಡೆತಕ್ಕೆ ಹೋಗಿ ವಾಟ್ಸನ್ ಸ್ಟೂವರ್ಟ್ ಸಿಂಕ್ ಜೊತೆ ಸಮ ಆದ, ಗೆದ್ದವನ್ಯಾರು ಅಂತ ತೀರ್ಮಾನಿಸೋಕೆ 4 ಗುಳಿಗಳ ಪ್ಲೇಆಫ್, ಸಿಂಕ್ 6 ಹೊಡೆತಗಳಿಂದ ಗೆದ್ದ, ಮುಗಿಯಿತು.

ಅಷ್ಟರಲ್ಲಿ ನಮ್ಮನ್ನು ಊಟಕ್ಕೆ ಕರೆಯೋಕೆ ಇವರು ಬಂದರು. ಒಂದು ನಿಮಿಷ ನಿಂತು ನೋಡಿ, "59ರಲ್ಲಿ ಅಲ್ಲಿವರೆಗೆ ಬಂದಿದ್ದೇ ದೊಡ್ಡದು ಬಿಡಪ್ಪ" ಅಂದರು.

ಮಾವ ತಿರುಗಿ ನೋಡಿದರು. "ಅವನು ಅಲ್ಲಿವರೆಗೆ ಬರೋಕೆ ಬಂದಿದ್ನೇನೋ?"

ಅಷ್ಟೇ ಮಾತು. ಆದರೆ ನಾನು ವಾರವಿಡೀ ಪಾತ್ರೆ ತೊಳೆಯುವಾಗ, ಕಾರಿನಲ್ಲಿ ಸಿಗ್ನಲ್ ಕಾಯುವಾಗ ಅದನ್ನೇ ಕೇಳಿಸಿಕೊಳ್ಳುತ್ತಿದ್ದೇನೆ. ನನ್ನ ಗಂಡ ಒಳ್ಳೆಯವರು, ಅಪ್ಪ ಅಂದರೆ ಜೀವ. ಆದರೆ ಈ ಎರಡು ತಿಂಗಳಲ್ಲಿ ಅಪ್ಪನ ಕೈಯಿಂದ ಒಂದೊಂದೇ ಕಿತ್ತುಕೊಂಡಿದ್ದಾರೆ. ಕಾಫಿ ಅರ್ಧ ಲೋಟ, ಚೆಲ್ಲಬಾರದು ಅಂತ. ಅಂಗಡಿಯಲ್ಲಿ ಕಾರ್ಡ್ ಪಿನ್ ಇವರೇ ಒತ್ತುತ್ತಾರೆ, ಜೀವನವಿಡೀ ನೋಟು ಎಣಿಸಿದ ಮನುಷ್ಯನ ಪಕ್ಕ ನಿಂತು. ನಾನೇನು ಕಡಿಮೆಯಲ್ಲ. ಮೊನ್ನೆ ಅವರು ಹೆಚ್ಚಿಟ್ಟ ಬೀನ್ಸನ್ನು ಅವರು ಆಚೆ ಹೋದ ಮೇಲೆ ಮತ್ತೆ ಸಣ್ಣಗೆ ಹೆಚ್ಚಿದೆ. ಸಾಕು, ಇಷ್ಟಾದರೂ ಮಾಡಿದಿರಲ್ಲ ಅಂತ ನಗುತ್ತಾ ಹೇಳುತ್ತೇವೆ, ಮಕ್ಕಳಿಗೆ ಹೇಳುವ ಹಾಗೆ. ಮಕ್ಕಳಿಗಾದರೂ ಮುಂದಿನ ಸಲ ಅಂತ ಒಂದಿದೆ. ಅವತ್ತು ಸೋತು ಪತ್ರಕರ್ತರ ಮುಂದೆ ಕೂತಾಗ, ಎಲ್ಲರ ಜೋತುಬಿದ್ದ ಮುಖ ನೋಡಿ ವಾಟ್ಸನ್ನೇ ಹೇಳಿದ್ದನಂತೆ, ಇದೇನು ಹೆಣ ಎತ್ತೋ ಕಾರ್ಯ ಅಲ್ಲವಲ್ಲ ಅಂತ. ಅಜ್ಜ ಇದನ್ನು ಹೇಳಿದಾಗ ಮಾವ ಎಷ್ಟು ಜೋರಾಗಿ ನಕ್ಕರು ಅಂದರೆ, ಅವರು ಇಲ್ಲಿಗೆ ಬಂದ ಮೇಲೆ ಹಾಗೆ ನಕ್ಕಿದ್ದನ್ನು ನಾನು ಕೇಳಿರಲಿಲ್ಲ.

ಭಾನುವಾರ ಸ್ನೇಹಿತರ ಮನೆಯಿಂದ ಕೇರಂ ಬೋರ್ಡ್ ತಂದೆವು. ಅಜ್ಜನೂ ಬಂದರು. ಪೌಡರ್ ಕಾರ್ಪೆಟ್ ಮೇಲೆಲ್ಲ ಬಿತ್ತು, ಇವರ ಮುಖ ಸಣ್ಣಗಾಯಿತು. ಮಾವ ಕನ್ನಡಕ ಸರಿಮಾಡಿಕೊಂಡು, ಪಾಕೆಟ್ ಹತ್ತಿರವಿದ್ದ ಒಂದು ಬಿಳಿ ಕಾಯಿನ್‌ಗೆ ಗುರಿಯಿಟ್ಟರು. ಬೆರಳು ನಡುಗುತ್ತಿದ್ದದ್ದು ನನಗೆ ಕಾಣಿಸಿತು. ಸ್ಟ್ರೈಕರ್ ಅರ್ಧದಲ್ಲೇ ನಿಂತಿತು.

"ನೈಸ್ ಟ್ರೈ," ಅಂದರು ಅಜ್ಜ. "ಪರವಾಗಿಲ್ಲಪ್ಪ, ಚೆನ್ನಾಗಿತ್ತು," ಅಂದರು ಇವರು.

ಮಾವ ಬೋರ್ಡಿನಿಂದ ತಲೆ ಎತ್ತಲಿಲ್ಲ. "ಕಾಯಿನ್ ಎಲ್ಲಿದೆ ಅಂತ ನೋಡಿ ಮಾತಾಡೋಕೆ ಹೇಳಮ್ಮ, ಇಬ್ಬರಿಗೂ."